ಹತ್ತೊಂಬತ್ತು ಬಿಳಿ ಬಿಲ್ಲೆಗಳು

ಒಂದಾನೊಂದು ಊರಿನಲ್ಲಿ ಉಸಿರು ತೂಗುವವಳೊಬ್ಬಳಿದ್ದಳು. ಅಜ್ಜಿ ಬದುಕಿದ್ದಿದ್ದರೆ ಕಥೆಯನ್ನು ಹೀಗೇ ಶುರು ಮಾಡುತ್ತಿದ್ದಳು. ಆ ಊರಿನ ಗಂಡಸರು ಬೆಳಗಾದರೆ ನೆಲದೊಳಕ್ಕೆ ಇಳಿಯುತ್ತಿದ್ದರಂತೆ, ಸಂಜೆಯಾದರೆ ಮೇಲಕ್ಕೆ ಬರುತ್ತಿದ್ದರಂತೆ. ಕೆಳಗೆ ಎಳೆದುಕೊಂಡ ಉಸಿರನ್ನು ಒಂದು ಪುಟ್ಟ ಡಬ್ಬಿಯಲ್ಲಿ ಹಿಡಿದು ತಂದು ಅವಳ ಕೈಗೆ ಕೊಡುತ್ತಿದ್ದರಂತೆ. ಅವಳು ಅದನ್ನು ಗಾಜಿನ ಮನೆಯೊಳಗಿದ್ದ ತಕ್ಕಡಿಯಲ್ಲಿಟ್ಟು, ಇವನದು ಇಷ್ಟು ಭಾರ, ಅವನದು ಇಷ್ಟು ಹಗುರ ಎಂದು ಹೇಳುತ್ತಿದ್ದಳಂತೆ. ಅವಳು ಸುಳ್ಳು ಹೇಳಿದಳಾ ಎಂದು ಯಾರಾದರೂ ನಡುವೆ ಬಾಯಿ ಹಾಕಿದ್ದರೆ ಅಜ್ಜಿ, "ತಾಳು ಮಗಾ, ಅಲ್ಲಿಗೇ ಬರ್ತಿದೀನಿ" ಅನ್ನುತ್ತಿದ್ದಳು.

ಅಲ್ಲಿಗೆ ಬರಲು ಆ ತೂಗುವವಳಿಗೇ ಎಂಟು ತಿಂಗಳು ಸಾಲದೆ ಹೋಗಿತ್ತು. ಇವತ್ತು ಬೆಳಗ್ಗೆಯೂ ಅಪ್ಪ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಮೂರು ದಿಂಬಿಗೆ ಬೆನ್ನು ಕೊಟ್ಟು, ಕೂತೇ ನಿದ್ದೆ ಮಾಡಿ ಎದ್ದಿದ್ದ. ಮಲಗಿದರೆ ಎದೆಯ ಮೇಲೆ ಯಾರೋ ಹತ್ತಿ ಕೂತ ಹಾಗಾಗುತ್ತದೆ ಎಂದು ಅವನು ಮಂಚ ಬಿಟ್ಟು ಆರು ತಿಂಗಳಾಗುತ್ತ ಬಂದಿತ್ತು. ಅವಳು ಬಿಸಿನೀರಿನಲ್ಲಿ ಬಟ್ಟೆ ಅದ್ದಿ ಅವನ ಮುಖ ಒರೆಸುವಾಗ, ಕೊರಳ ಬುಡದ ಗುಳಿ ಒಳಕ್ಕೆ ಹೋಗಿ ಹೊರಕ್ಕೆ ಬರುವುದನ್ನು ನೋಡಿಯೂ ನೋಡದ ಹಾಗೆ ಕೈಯಾಡಿಸುತ್ತಿದ್ದಳು. "ಆಯ್ತಾ?" ಅಂದ. ಒಂದು ಕಾಲಕ್ಕೆ ಗಣಿಯಲ್ಲಿ ಎಲ್ಲರೂ ಇವನನ್ನು ಗುಡುಗಪ್ಪ ಎಂದು ಕರೆಯುತ್ತಿದ್ದರು. ಬಂಡೆ ಕೊರೆಯುವ ಯಂತ್ರದ ಸದ್ದನ್ನೂ ಮೀರಿ ಇವನ ಬೈಗುಳ ಕೇಳಿಸುತ್ತದೆ ಎಂಬ ಖ್ಯಾತಿ. ಈಗ ಒಂದೊಂದು ಮಾತಿಗೂ ಒಂದೊಂದು ಉಸಿರು ತೆರಬೇಕಾದ್ದರಿಂದ ಅಳೆದು ತೂಗಿ ಬಾಯಿ ಬಿಡುತ್ತಾನೆ.

"ನಿನ್ನ ಬಿಲ್ಲೆ ಇನ್ನೂ ಒಣಗ್ತಾ ಇದೆ, ಅಪ್ಪ. ಒಣಗಿದ ಮೇಲೇ ತೂಗೋದು."

"ಬಟ್ಟೆ ಒಗೆದು ಹಾಕಿದ್ರೂ... ಇಷ್ಟೊತ್ತಿಗೆ... ಬಿಸಿಲಿಗೆ ಹರಿದೇ ಹೋಗಿರೋದು," ಅಂದು ನಗಲು ಹೋಗಿ ಕೆಮ್ಮಿದ. ಕೆಮ್ಮು ಅವನನ್ನು ಹಿಡಿದು ಅಲ್ಲಾಡಿಸಿ, ಸಾಕೆನಿಸಿದ ಮೇಲೆ ಬಿಟ್ಟಿತು. ಅವಳು ಅವನ ಬೆನ್ನು ಸವರುತ್ತ ಗೋಡೆಯನ್ನು ನೋಡುತ್ತ ನಿಂತಳು. ಧೂಳು ಹಿಡಿದ ಬಿಲ್ಲೆ ಒಣಗುವುದಕ್ಕೆ ಒಂದು ರಾತ್ರಿ ಸಾಕು. ಒದ್ದೆಗಾಳಿ ಹೀರುವ ಹರಳುಗಳಿರುವ ಗಾಜಿನ ಜಾಡಿಯಲ್ಲಿ ರಾತ್ರಿಯಿಟ್ಟು ಬೆಳಗ್ಗೆ ತೆಗೆದರೆ ಮುಗಿಯಿತು. ಅಪ್ಪನಿಗೆ ಬಂಡೆ ಗೊತ್ತು, ಬಂಡೆಯ ಬಿರುಕು ಗೊತ್ತು, ಯಾವ ಬಂಡೆ ಯಾವಾಗ ಮುನಿಯುತ್ತದೆಂದು ಕಿವಿಯಲ್ಲೇ ಗೊತ್ತು. ತೂಗುವ ಕೋಣೆಯ ವಿಷಯ ಮಾತ್ರ ಅವಳು ಹೇಳಿದಷ್ಟೇ ಗೊತ್ತು. ಅದಕ್ಕೇ ಎಂಟು ತಿಂಗಳಿಂದ ನಂಬಿದ್ದ. ಅಥವಾ ನಂಬಿದವನ ಹಾಗೆ ಇದ್ದ.

ಎಂಟು ತಿಂಗಳ ಹಿಂದಿನ ಮಾತು, ಅವನ ಕೊನೆಯ ಪಾಳಿ ಮುಗಿದ ದಿನ. ಅಪ್ಪ ಗಣಿಯ ಬಾಯಿಂದ ನೇರ ತೂಗುವ ಕೋಣೆಗೆ ಬಂದಿದ್ದ. ಅಲ್ಲಿಯವರೆಗೆ ಒಮ್ಮೆಯೂ ಬಂದವನಲ್ಲ. ಬಾಗಿಲಲ್ಲಿ ಬೂಟು ಬಿಚ್ಚಿಟ್ಟು, ಆಸ್ಪತ್ರೆಯೊಳಗೆ ಬಂದವನ ಹಾಗೆ ತುದಿಗಾಲಲ್ಲಿ ನಿಂತು, ಕೊರಳಪಟ್ಟಿಗೆ ಸಿಕ್ಕಿಸಿದ್ದ, ಬಿಲ್ಲೆಯಿದ್ದ ಪ್ಲಾಸ್ಟಿಕ್ಕಿನ ಗೂಡನ್ನು ತಾನೇ ಬಿಡಿಸಿ ಅವಳ ಅಂಗೈಯಲ್ಲಿಟ್ಟ. ರೆಪ್ಪೆಯ ಮೇಲೆಲ್ಲ ಬೂದು ಕೂತಿತ್ತು. "ಇದು ನಿಜದ್ದು," ಅಂದಿದ್ದ. "ಪಾಳಿ ಪೂರ್ತಿ ಮೈಮೇಲೇ ಇತ್ತು. ತೂಗಿ ಎಷ್ಟಿದೆ ಅಂತ ಹೇಳು. ಮೊದಲು ನಂಗೆ ಹೇಳು. ಹೇಳ್ತೀಯಾ?" ಹೇಳ್ತೀನಿ ಅಂದಿದ್ದಳು. ಮಾತು ಕೊಡುವುದು ಎಷ್ಟು ಸುಲಭ, ತಲೆಯಾಡಿಸಿದರಾಯಿತು. ನಿಜದ್ದು ಅಂದನಲ್ಲ, ಹಾಗಾದರೆ ಮಿಕ್ಕವು ಏನು ಎಂದು ಅವಳು ಕೇಳಲಿಲ್ಲ, ಅವನೂ ಹೇಳಲಿಲ್ಲ. ಇಬ್ಬರೂ ಆ ಮಾತಿನ ಸುತ್ತ ಬಳಸಿಕೊಂಡು ಹಾದುಹೋದರು, ಬೀದಿಯಲ್ಲಿ ಬಿದ್ದ ಯಾರನ್ನೋ ಕಂಡೂ ಕಾಣದವರ ಹಾಗೆ.

ಇನ್ನೊಬ್ಬರಿಗೆ ವಿವರಿಸುವಾಗ ತನ್ನ ಕೆಲಸ ಎಷ್ಟು ಸರಳವಾಗಿ ಕೇಳಿಸುತ್ತದೆಂದು ಅವಳಿಗೇ ಆಶ್ಚರ್ಯ. ಬಂಡೆ ಕೊರೆಯುವವನ ಸೊಂಟಕ್ಕೊಂದು ಪಂಪು, ಪಂಪಿನಿಂದ ಒಂದು ಕೊಳವೆ, ಕೊಳವೆಯ ತುದಿಗೆ ಕೊರಳ ಹತ್ತಿರ ಒಂದು ಗೂಡು, ಗೂಡಿನೊಳಗೆ ಈರುಳ್ಳಿಯ ಒಳಪೊರೆಯಷ್ಟು ತೆಳ್ಳಗಿನ ಬಿಳಿ ಬಿಲ್ಲೆ. ಪಂಪು ಪಾಳಿಯುದ್ದಕ್ಕೂ ಗಾಳಿ ಎಳೆಯುತ್ತದೆ. ಮೂಗಿಗೆ ಹೋಗುವ ಧೂಳಿನಲ್ಲಿ ಒಂದು ಪಾಲು ಬಿಲ್ಲೆಯ ಮೇಲೆ ಕೂರುತ್ತದೆ. ಹೋಗುವಾಗಿನ ತೂಕ, ಬಂದಾಗಿನ ತೂಕ. ನಡುವಿನ ಅಂತರವೇ ಧೂಳು; ಅದನ್ನು ಒಂದು ಘನ ಮೀಟರ್ ಗಾಳಿಗೆ ಇಷ್ಟು ಮಿಲಿಗ್ರಾಂ ಎಂದು ಲೆಕ್ಕ ಹಾಕಿ ಬರೆಯುವುದು. ತಕ್ಕಡಿ ಎಂಥ ಅಂಜುಬುರುಕ ಎಂದರೆ, ಎದುರಿಗೆ ಕೂತವರು ಉಸಿರು ಬಿಟ್ಟರೆ ಅಂಕೆಗಳು ಗಲಿಬಿಲಿಗೊಂಡು ಓಡಾಡುತ್ತವೆ. ಹಾಗಾಗಿ ಚಿಮಟದಲ್ಲಿ ಬಿಲ್ಲೆಯನ್ನು ಇಟ್ಟು, ಗಾಜಿನ ಕದ ಮುಚ್ಚಿ, ಅಂಕೆಗಳು ಒಂದು ಕಡೆ ನಿಲ್ಲುವವರೆಗೆ ಅವಳು ಉಸಿರು ಕಟ್ಟಿ ಕೂರುತ್ತಾಳೆ. ದಿನಕ್ಕೆ ನಲವತ್ತು ಸಲ. ಸೇರಿದ ಹೊಸತರಲ್ಲಿ ತಲೆ ತಿರುಗುತ್ತಿತ್ತು. ಈಗ ಅಭ್ಯಾಸವಾಗಿ, ಮನೆಯಲ್ಲಿ ಹಾಲು ಉಕ್ಕುವುದನ್ನು ಕಾಯುವಾಗಲೂ, ತಂಗಿ ಫೋನಿನಲ್ಲಿ ಅಳುವಾಗಲೂ ತನಗೆ ತಿಳಿಯದೆಯೇ ಉಸಿರು ಹಿಡಿದಿರುತ್ತಾಳೆ.

ಮೊದಲ ಬಿಳಿ ಬಿಲ್ಲೆ ಬಂದಾಗ ಅವಳು ಕೆಲಸಕ್ಕೆ ಸೇರಿ ಮೂರು ವಾರವಾಗಿತ್ತು. ಗೂಡಿನ ಮೇಲೆ ಅಪ್ಪನ ಸಂಖ್ಯೆ, ಏಳನೇ ಸುರಂಗದ ತುದಿ ಎಂಬ ಚೀಟಿ. ಆ ತುದಿಯಿಂದ ಬರುವ ಅಪ್ಪನ ಬಟ್ಟೆಗಳನ್ನು ಹದಿನೈದು ವರ್ಷದಿಂದ ಅವಳೇ ಒಗೆಯುತ್ತ ಬಂದವಳು. ಮೂರು ನೀರಿನವರೆಗೂ ಬೂದಿ ಕಲಸಿದ ಹಾಗೆ ಬಣ್ಣ ಬಿಡುತ್ತಿದ್ದ ಬಟ್ಟೆ. ಗೂಡು ಬಿಚ್ಚಿದರೆ ಬಿಲ್ಲೆ ಮದುವೆಗೆ ಹೊರಟ ಹಾಗೆ ಬೆಳ್ಳಗಿತ್ತು. ತೂಗಿದಳು. ಸೊನ್ನೆ ಪಾಯಿಂಟ್ ನಾಲ್ಕು. ಅಂದು ಮನೆಗೆ ಹೋದವಳು, "ಅಪ್ಪ, ಪಂಪು ಹಾಕ್ಕೊಂಡಿದ್ಯಾ ನಿನ್ನೆ?" ಅಂತ ಕೇಳಿದಳು. ಅಪ್ಪ ಆಗಿನ್ನೂ ಗುಡುಗುತ್ತಿದ್ದ. "ಹಾಕ್ಕೊಳ್ಳದೆ? ಧೂಳು ನನ್ನ ಮೇಲೆ ಕೂರಲ್ಲ ಕಣೇ. ಇಪ್ಪತ್ತಾರು ವರ್ಷದ ಸಂಬಂಧ ನಮ್ಮದು. ಅದಕ್ಕೂ ಮರ್ಯಾದೆ ಅನ್ನೋದು ಇರುತ್ತೆ!" ಇಬ್ಬರೂ ನಕ್ಕರು. ಅಜ್ಜಿ ಹೇಳುತ್ತಿದ್ದ ಕಥೆಗಳಲ್ಲಿ ಬೆಂಕಿ ಸುಡದವನಿದ್ದ, ನೀರು ನೆನೆಸದವನಿದ್ದ. ಧೂಳು ಮುಟ್ಟದವನೊಬ್ಬ ಇರಬಾರದೇಕೆ ಎಂದು ಅವಳ ಮನಸ್ಸಿನ ಒಂದು ಮೂಲೆ, ಎಲ್ಲ ಗೊತ್ತಿದ್ದೂ, ಹಟ ಹಿಡಿಯಿತು. ಎರಡು ತಿಂಗಳಿಗೊಮ್ಮೆ ಬರುವ ಅವನ ಸರದಿಗೆ ಎರಡನೆಯದು ಬಂತು. ಆಮೇಲೆ ಮೂರನೆಯದು. ಮೂರು ವರ್ಷ ಚಿಲ್ಲರೆಯಲ್ಲಿ ಹತ್ತೊಂಬತ್ತು. ಒಂದೊಂದನ್ನೂ ಉಸಿರು ಕಟ್ಟಿ ತೂಗಿದಳು, ಒಂದೊಂದನ್ನೂ ಬರೆದಳು. ಬರೆದದ್ದರಲ್ಲಿ ಒಂದು ಅಂಕೆಯೂ ಸುಳ್ಳಲ್ಲ. ಬಿಲ್ಲೆಯ ಮೇಲೆ ಇದ್ದದ್ದು ಅಷ್ಟೇ.

ಹೀಗೆ ತನಗೆ ತಾನೇ ಹೇಳಿಕೊಳ್ಳುತ್ತ ಅವಳು ಬಸ್ಸಿಳಿದು, ಗೇಟು ದಾಟಿ, ತೂಗುವ ಕೋಣೆಯ ಬೀಗ ತೆಗೆದಳು. ಜಾಡಿಯಲ್ಲಿ ನಿನ್ನೆಯ ಪಾಳಿಯ ಹನ್ನೆರಡು ಗೂಡುಗಳು ಕಾದಿದ್ದವು. ಮೇಜಿನ ಎಡಗಡೆಯ ಕೆಳಗಿನ ಖಾನೆಯಲ್ಲಿ ಅಪ್ಪನ ಗೂಡು, ಕರವಸ್ತ್ರದಲ್ಲಿ ಸುತ್ತಿಟ್ಟದ್ದು. ಆ ಖಾನೆಯನ್ನು ಅವಳು ಕಾಲಿನಿಂದಲೂ ಸೋಕುವುದಿಲ್ಲ. ಭಯವಿದ್ದದ್ದು ಅಂಕೆಗಲ್ಲ. ಆ ಅಂಕೆಯನ್ನು ಏಳನೇ ತುದಿಯ ಪಟ್ಟಿಯಲ್ಲಿ ಬರೆದರೆ ಅದರ ಮೇಲಿನ ಹತ್ತೊಂಬತ್ತೂ ಒಟ್ಟಿಗೆ ತಲೆಯೆತ್ತಿ ಅವಳನ್ನು ನೋಡುತ್ತವೆ. ನೋಡಿ, ನಿನಗೆ ಕಣ್ಣಿರಲಿಲ್ಲವಾ ಎಂದು ಕೇಳುತ್ತವೆ. ಆಗ ಬಿಲ್ಲೆಯ ಮೇಲೆ ಇದ್ದದ್ದು ಅಷ್ಟೇ ಎಂದರೆ ಸಾಕೇ? ನೀಲಿ ಪೆನ್ಸಿಲ್ ಒಪ್ಪುತ್ತದೆಯೇ?

ಆ ನೀಲಿ ಪೆನ್ಸಿಲ್ ಧೂಳಿನ ಸಾಹೇಬರದು. ಗಣಿಯ ಧೂಳನ್ನು ಹದ್ದುಬಸ್ತಿನಲ್ಲಿಡುವುದು ಅವರ ಜವಾಬ್ದಾರಿಯಾದ್ದರಿಂದ ಎಲ್ಲರೂ ಅವರನ್ನು ಹಾಗೇ ಕರೆಯುತ್ತಾರೆ. ಎರಡು ವರ್ಷದ ಹಿಂದೆ, ಕೊರೆಯುವ ಕಡೆಗೆಲ್ಲ ನೀರಿನ ಪೈಪು ಎಳೆಯುವುದೆಂದು ತೀರ್ಮಾನವಾದಾಗ, ಗೋಡೆಯ ತುಂಬ ಗಣಿಯ ನಕ್ಷೆ ಹರಡಿ, ಅಂಕೆ ಓದಿ ಹೇಳಲು ಅವಳನ್ನು ಕರೆದಿದ್ದರು. ಯಂತ್ರದ ಉಳಿಯ ನಡುವಿನಿಂದ ನೀರು ಹಾಯಿಸಿದರೆ ಕೊರೆದ ಕಲ್ಲಿನ ಪುಡಿ ಹಾರುವುದಿಲ್ಲ, ಕೆಸರಾಗಿ ಕಾಲಬುಡಕ್ಕೆ ಇಳಿಯುತ್ತದೆ. ಪೈಪು ಎಲ್ಲ ಕಡೆಗೂ ಸಾಲದು, ಧೂಳು ಹೆಚ್ಚಿದ್ದಲ್ಲಿಗೆ ಮೊದಲು. ಅವಳು ಓದುತ್ತ ಹೋದಳು, ಅವರು ಗೆರೆ ಎಳೆಯುತ್ತ ಹೋದರು. ಐದನೇ ತುದಿ, ಆರು ಪಾಯಿಂಟ್ ಎರಡು. ಆರನೇ ತುದಿ, ಐದು ಪಾಯಿಂಟ್ ಒಂಬತ್ತು. ಮಿತಿ ಇದ್ದದ್ದು ಎರಡು. "ಏಳು?" ಅಂದರು ಸಾಹೇಬರು. "ಸೊನ್ನೆ ಪಾಯಿಂಟ್ ಐದು, ಸಾರ್." "ಭೇಷ್. ಹಾಗಾದ್ರೆ ಅಲ್ಲಿಗೆ ಬೇಡ," ಎಂದು ಸಾಹೇಬರು ಪೆನ್ಸಿಲನ್ನು ಆರರಿಂದ ಎಂಟಕ್ಕೆ ಹಾರಿಸಿದರು. ಕಾಗದದ ಮೇಲೆ ಏಳರ ಜಾಗ ಖಾಲಿ ಉಳಿಯಿತು, ಹಲ್ಲು ಬಿದ್ದ ಬಾಯಿಯ ಹಾಗೆ. ಅವಳದೇ ಧ್ವನಿ. ಬೇರೆ ಯಾರೂ ಹೇಳಲಿಲ್ಲ.

ಆಮೇಲೆ ಡಾಕ್ಟರು ಅಪ್ಪನ ಎದೆಯ ಚಿತ್ರವನ್ನು ಬೆಳಕಿಗೆ ಹಿಡಿದು ತೋರಿಸಿದ್ದರು. ಕಪ್ಪಿರಬೇಕಾದಲ್ಲೆಲ್ಲ ಬಿಳಿ, ಹಿಮ ಬಿದ್ದ ಹಾಗೆ. ಬಿಲ್ಲೆಯ ಮೇಲೆ ಬೀಳದೆ ಉಳಿದದ್ದು ಬಿದ್ದದ್ದು ಅಲ್ಲಿ. ಡಾಕ್ಟರು ಅಪ್ಪನ ಭುಜ ತಟ್ಟಿ, "ಶ್ವಾಸಕೋಶ ಕಲ್ಲಾಗಿದೆ ಯಜಮಾನರೇ, ಒಳಗಿಂದ ಗಟ್ಟಿ ಆಳು ನೀವು," ಎಂದು ಹಾಸ್ಯ ಮಾಡಿದ್ದರು, ಒಳ್ಳೆಯ ಮನಸ್ಸಿನಿಂದಲೇ. ಅಪ್ಪ ನಕ್ಕಿದ್ದ. ಮೆಟ್ಟಿಲು ಇಳಿಯುವಾಗ ಮಧ್ಯದಲ್ಲಿ ಕೂತುಬಿಟ್ಟ. ಕೆಳಗಿನ ಅಂಗಡಿಯವನು ಬಂದು, ಮದುಮಗನನ್ನು ಎತ್ತಿಕೊಳ್ಳುವ ಹಾಗೆ ಎತ್ತಿಕೊಂಡು ಇಳಿಸಿದ. ಅಷ್ಟೊತ್ತೂ ಅಪ್ಪ ಆಕಾಶ ನೋಡುತ್ತಿದ್ದ. ಅವಳು ಅವನ ಚಪ್ಪಲಿ ಕೈಯಲ್ಲಿ ಹಿಡಿದು ಹಿಂದೆ ಬಂದಳು.

ಜಾಡಿಯ ಹನ್ನೆರಡರಲ್ಲಿ ಒಂಬತ್ತನೆಯ ಗೂಡು ಬಿಚ್ಚಿದಾಗ ಅವಳ ಕೈ ನಿಂತಿತು. ಏಳನೇ ತುದಿ. ತಂಗಿಯ ಗಂಡನ ಸಂಖ್ಯೆ. ಅಪ್ಪ ಬಿಟ್ಟ ಮೇಲೆ ಆರು ತಿಂಗಳು ಸುಮ್ಮನೆ ನಿಂತಿದ್ದ ಯಂತ್ರಕ್ಕೆ ಅವನನ್ನು ಹಾಕಿ ಎರಡು ತಿಂಗಳಾಗುತ್ತ ಬಂದಿತ್ತು, ಇದು ಅವನ ಮೊದಲ ಬಿಲ್ಲೆ. ಮೊನ್ನೆ ತಂಗಿ, "ಅವರ ಬಟ್ಟೆ ಒಗೆದೂ ಒಗೆದೂ ಬಚ್ಚಲು ಕಟ್ಟಿಕೊಳ್ತಿದೆ ಕಣೇ ಅಕ್ಕ" ಎಂದು ಫೋನಿನಲ್ಲಿ ಗೊಣಗಿದ್ದಳು.

ಬಿಲ್ಲೆ ಬೆಳ್ಳಗಿತ್ತು.

ಅವಳು ಅದನ್ನು ತೂಗಲಿಲ್ಲ. ಚಿಮಟ ಕೆಳಗಿಟ್ಟು, ಕೈಗವಸು ಬಿಚ್ಚಿ, ಬಿಲ್ಲೆಯನ್ನು ಹಾಗೇ ಬಿಟ್ಟು ಕೂತಳು. ಗಂಟೆ ಹತ್ತಾಯಿತು, ಹನ್ನೊಂದಾಯಿತು. ಮೂರು ಬಿಲ್ಲೆ ತೂಗಿದಳು, ಮೂರನ್ನೂ ತಪ್ಪಾಗಿ ಬರೆದು ಹೊಡೆದುಹಾಕಿದಳು. ಅಜ್ಜಿ ಹೇಳುತ್ತಿದ್ದ ಒಂದು ಕಥೆ ಸುಮ್ಮಸುಮ್ಮನೆ ನೆನಪಾಯಿತು. ಬೆಟ್ಟವನ್ನು ಹೊತ್ತು ಮನೆಗೆ ತರುತ್ತೇನೆಂದು ಹೊರಟವನಿಗೆ ಬೆಟ್ಟ, "ಒಟ್ಟಿಗೆ ಬರಲಾರೆ, ದಿನಕ್ಕೆ ಒಂದು ಚಿಟಿಕೆ ಬರ್ತೀನಿ, ಇಡೋಕೆ ಜಾಗ ಮಾಡು" ಅಂದಿತಂತೆ. ಚಿಕ್ಕವಳಿದ್ದಾಗ ಅವಳು, ಎಲ್ಲಿಡುತ್ತಾನೆ ಅಜ್ಜಿ, ಅಟ್ಟದಲ್ಲಾ, ಕಣಜದಲ್ಲಾ ಎಂದು ಕೇಳಿ ಕೇಳಿ ಸತಾಯಿಸುತ್ತಿದ್ದಳು. ಅಜ್ಜಿ ಹೇಳುತ್ತಲೇ ಇರಲಿಲ್ಲ. ಅಜ್ಜನ ಕೆಮ್ಮು ಕೇಳಿಸುತ್ತಿದ್ದ ಮನೆಯದು. ಹೇಳುವುದಕ್ಕೇನಿತ್ತು!

ಒಂದೂವರೆಗೆ ಮಧ್ಯಾಹ್ನದ ಪಾಳಿಯವರು ದೀಪದ ಕೋಣೆಯ ಮುಂದೆ ಸೇರುತ್ತಾರೆ. ತಲೆದೀಪಗಳನ್ನು ಕೊಡುವ ದೀಪದವನು ಕಿಟಕಿಯೊಳಗಿಂದ ಅವಳನ್ನು ಕಂಡು, "ಓಹೋ, ತಕ್ಕಡಿಯಮ್ಮ ಬಂದ್ರು! ಎಲ್ಲ ಹೊಟ್ಟೆ ಒಳಕ್ಕೆಳ್ಕೊಳ್ರಪ್ಪ, ತೂಗಿಬಿಡ್ತಾರೆ" ಅಂದ. ಎಲ್ಲರೂ ನಕ್ಕರು. ತಂಗಿಯ ಗಂಡ ಗೋಡೆಗೊರಗಿ ಬೂಟಿನ ದಾರ ಬಿಗಿಯುತ್ತಿದ್ದ. ಇಪ್ಪತ್ತೆಂಟರ ವಯಸ್ಸು, ಕಿವಿಯ ಹಿಂದೆ ತೊಳೆದರೂ ಹೋಗದ ಬೂದುಗೆರೆ. ಅವಳು ಅವನನ್ನು ಪಕ್ಕಕ್ಕೆ ಕರೆದಳು.

"ನಿನ್ನೆ ಪಂಪು ಎಲ್ಲಿಟ್ಟಿದ್ದೆ?"

"ಸೊಂಟಕ್ಕೇ ಇತ್ತಲ್ಲ, ಅಕ್ಕ."

"ನನ್ನ ಮುಖ ನೋಡಿ ಹೇಳು."

ಅವನು ಮುಖ ನೋಡಿದ. ನೋಡಿ, ತಮಾಷೆಯೋ ನಿಜವೋ ತಿಳಿಯದವನ ಹಾಗೆ ಅರೆನಗೆ ನಕ್ಕ. "ಏನಕ್ಕ ಇದು, ಹೊಸಬರನ್ನ ಕೇಳಿದ ಹಾಗೆ ಕೇಳ್ತೀಯ? ಮೊಳೆಗೆ ಹಾಕಿದ್ದೆ."

"ಯಾವ ಮೊಳೆ?"

"ಊಟದ ಕೋಣೆದು. ಹೊಸ ಗಾಳಿ ಬರೋ ಕಡೆ, ಬೆಂಚಿನ ಮೇಲೆ ಇದೆಯಲ್ಲ. ಗುಡುಗಪ್ಪನ ಮೊಳೆ." ಅವನು ಇನ್ನೊಂದು ಬೂಟಿನ ದಾರಕ್ಕೆ ಬಾಗಿದ. "ಮಾವನೇ ಹೊಡೆದದ್ದಂತೆ ಅದನ್ನ. ನಂಗೆ ಅವರೇ ಹೇಳಿಕೊಟ್ಟಿದ್ದು, ಪಂಪಿನ ದಿನ ಇಳಿದ ಕೂಡ್ಲೇ ಮೊಳೆಗೆ ಹಾಕು, ಹತ್ತೋವಾಗ ತಗೋ ಅಂತ. ಇಲ್ಲಾಂದ್ರೆ ಭಾರ ಬರುತ್ತೆ, ತುದಿ ಮುಚ್ತಾರೆ, ನಮ್ಮ ಕೈಗೆ ಪೊರಕೆ ಕೊಟ್ಟು ಮೇಲೆ ಅಂಗಳ ಗುಡಿಸೋಕೆ ಹಾಕ್ತಾರೆ. ನಿಂಗೊತ್ತಿಲ್ದೇ ಇರೋದಾ?"

"ನಂಗೆ ಹೇಗೆ ಗೊತ್ತಿರುತ್ತೆ?"

ಈಗ ಅವನಿಗೆ ನಿಜವಾಗಿಯೂ ಗೊಂದಲವಾಯಿತು. ಸುತ್ತ ನೋಡಿ ಧ್ವನಿ ತಗ್ಗಿಸಿದ. "ಅಕ್ಕ, ಇಡೀ ಏಳನೇ ತುದಿಗೇ ಗೊತ್ತು. ತೂಗೋಳು ನಮ್ಮೋಳೇ, ನನ್ನ ಮಗಳು ನೋಡ್ಕೋತಾಳೆ, ನೀವು ತಲೆ ಕೆಡಿಸ್ಕೋಬೇಡಿ ಅಂತ ಮಾವ ಎಲ್ಲರಿಗೂ ಹೇಳಿದ್ರು. ನೀವಿಬ್ಬರೂ ಮಾತಾಡ್ಕೊಂಡಿರ್ಲಿಲ್ವಾ?"

ಮೂರು ವರ್ಷ ಅವಳು ಎದೆಯೊಳಗೆ ಬಚ್ಚಿಟ್ಟುಕೊಂಡು, ಯಾರಿಗೂ ಕಾಣದಿರಲಿ ಎಂದು ನಿದ್ದೆಗೆಟ್ಟ ಆ ಒಂದು ಗುಟ್ಟು, ಬೆಂಚಿನ ಮೇಲೆ ಕೂತು ಊಟ ಮಾಡುವವರ ನಡುವೆ ದಿನವೂ ಕೈಯಿಂದ ಕೈಗೆ ದಾಟುತ್ತಿತ್ತು. ಅವರು ಅವಳನ್ನು ಕಂಡಾಗ ಎದ್ದು ದಾರಿ ಬಿಡುತ್ತಿದ್ದದ್ದು, ದೀಪದವನು ತಕ್ಕಡಿಯಮ್ಮ ಎಂದು ಅಕ್ಕರೆಯಿಂದ ರೇಗಿಸುತ್ತಿದ್ದದ್ದು, ಯಾರದೋ ಹೆಂಡತಿ ಬಸ್ಸಿನಲ್ಲಿ ಜಾಗ ಕೊಟ್ಟದ್ದು, ಎಲ್ಲ ಈಗ ಬೇರೆ ಮುಖ ತೋರಿಸಿದವು. ತನ್ನನ್ನು ಒಳ್ಳೆಯವಳೆಂದು ಪ್ರೀತಿಸುತ್ತಾರೆ ಅಂದುಕೊಂಡಿದ್ದಳಲ್ಲ, ಬೆಪ್ಪು. ಮತ್ತೆ ಅಪ್ಪ. ಅವಳಿಗೆ ಗೊತ್ತು ಎಂದು ಅಪ್ಪನಿಗೆ ಮೊದಲಿನಿಂದಲೂ ಗೊತ್ತಿತ್ತು. ಅವಳ ಮೌನವನ್ನು ಅವನು ಮಾತೆಂದೇ ಲೆಕ್ಕಕ್ಕೆ ಹಿಡಿದಿದ್ದ. ಹಾಗಾದರೆ ಕೊನೆಯ ದಿನ ಬೂಟು ಬಿಚ್ಚಿಟ್ಟು ಒಳಗೆ ಬಂದು ಅಂಗೈಯಲ್ಲಿಟ್ಟದ್ದು ಏನನ್ನು? ಎಂಟು ತಿಂಗಳಿಂದ ದಿನಾ ಬೆಳಗ್ಗೆ ಕೇಳುತ್ತಿರುವುದು ಏನನ್ನು?

"ಇವತ್ತು ಇಳೀಬೇಡ," ಅಂದಳು.

"ಏನಂತ ಹೇಳ್ಲಿ ಮೇಸ್ತ್ರಿಗೆ? ಅತ್ತಿಗೆ ಬೇಡ ಅಂದ್ಲು ಅಂತಾನಾ?" ಅವನು ತಲೆದೀಪ ಸಿಕ್ಕಿಸಿಕೊಂಡ. ಗಂಟೆ ಬಡಿಯಿತು. ಮೆತ್ತಗೆ, ಸಮಾಧಾನಪಡಿಸುವವನ ಹಾಗೆ, "ಮಾವನಿಗೆ ಅರವತ್ತಾಗಿತ್ತಲ್ಲಕ್ಕ. ನಂಗಿನ್ನೂ ಎದೆ ಗಟ್ಟಿ ಇದೆ," ಅಂದ. ಗಣಿಯೊಳಕ್ಕೆ ಇಳಿಸುವ ಪಂಜರದಂಥ ತೊಟ್ಟಿಲೊಳಗೆ ಭುಜಕ್ಕೆ ಭುಜ ತಾಗಿಸಿ ನಿಂತವರು ಒಬ್ಬೊಬ್ಬರಾಗಿ ದೀಪ ಹೊತ್ತಿಸಿಕೊಂಡರು. ಆಮೇಲೆ ನೆಲ ಅವರನ್ನು ಒಳಕ್ಕೆ ಎಳೆದುಕೊಂಡಿತು. ಉಳಿದದ್ದು ಬಿಗಿಯಾದ ಹಗ್ಗ ಮತ್ತು ಅದರ ಸಣ್ಣ ನಡುಕ.

ತೂಗುವ ಕೋಣೆಯಲ್ಲಿ ಅವಳು ಮೊದಲು ಅವನ ಬಿಲ್ಲೆಯನ್ನು ತೂಗಿದಳು. ಸೊನ್ನೆ ಪಾಯಿಂಟ್ ನಾಲ್ಕು. ಬರೆದಳು; ಪಕ್ಕದಲ್ಲಿ, ಈ ಪಂಪು ಕೆಲಸಗಾರನ ಮೈಮೇಲೆ ಇರಲಿಲ್ಲ ಎಂದು ಬರೆದಳು. ಬರೆದಾದ ಮೇಲೆ ಅದು ಇಷ್ಟು ಸಲೀಸಾಯಿತಲ್ಲ ಎಂದು ಅವಳಿಗೆ ಸ್ವಲ್ಪ ನಿರಾಸೆಯೇ ಆಯಿತು. ಇಷ್ಟೇ ಆಗಿದ್ದರೆ ಇಷ್ಟು ದಿನ ಏನು ಮಾಡುತ್ತಿದ್ದೆ? ಕೆಳಗಿನ ಖಾನೆ ಎಳೆದಳು. ಕರವಸ್ತ್ರದಲ್ಲಿ ಇನ್ನೂ ಅಪ್ಪನ ಬೆವರಿನ, ಎಣ್ಣೆಯ, ಒದ್ದೆ ಕಲ್ಲಿನ ವಾಸನೆ ಇದೆ ಅನ್ನಿಸಿತು, ಇರಲಿಕ್ಕಿಲ್ಲ. ಗೂಡಿನ ಹೊರಗೆಲ್ಲ ಅವನ ಬೆರಳಿನ ಗುರುತು. ಬಿಚ್ಚಿದಳು. ಬಿಲ್ಲೆ ಬೂದಾಗಿತ್ತು, ನಡುವಿನಲ್ಲಿ ದಟ್ಟವಾಗಿ, ಅಂಚಿಗೆ ಬರುಬರುತ್ತ ತೆಳುವಾಗಿ, ಬೆಳಗಿನ ಮೋಡವೊಂದನ್ನು ಕತ್ತರಿಸಿ ಇಟ್ಟ ಹಾಗೆ. ಚೆಂದವಿತ್ತು, ಅದು ಅವಳಿಗೆ ನಾಚಿಕೆ ತಂದಿತು. ಗಾಜಿನ ಕದ ಮುಚ್ಚಿ ಉಸಿರು ಹಿಡಿದಳು. ಅಂಕೆಗಳು ಮೇಲೆ ಹೋದವು, ಕೆಳಗೆ ಬಂದವು, ಮತ್ತೆ ಮೇಲೆ ಹೋದವು. ಅಪ್ಪ ಇಷ್ಟು ಹೊತ್ತು ಉಸಿರು ಹಿಡಿಯಲಾರ. ಅಪ್ಪ ಕೆಳಗೆ ಒಂದು ದಿನವೂ ಉಸಿರು ಹಿಡಿದಿರಲಾರ. ತೋಳಿನಲ್ಲಿ ಯಂತ್ರ ಒದೆಯುತ್ತಿರುವಾಗ, ಬಾಯ್ದೆರೆದು, ಮೈಯೆಲ್ಲ ಶ್ವಾಸವಾಗಿ ಎಳೆದುಕೊಂಡಿರಬೇಕು. ಅಂಕೆ ನಿಂತಿತು. ಅವಳು ಉಸಿರು ಬಿಟ್ಟಳು, ಅದು ಚದುರಿತು. ಮತ್ತೆ ಹಿಡಿದಳು, ಮತ್ತೆ ಅಲ್ಲೇ ಬಂದು ನಿಂತಿತು. ಮೂರು ಸಲ ನೋಡಿ, ಹಳೆಯ ತೂಕ ಕಳೆದು, ಎಳೆದ ಗಾಳಿಯ ಲೆಕ್ಕಕ್ಕೆ ಹಂಚಿ, ಬಂದದ್ದನ್ನು ಬರೆದಳು. ಬಾಯಿಬಿಟ್ಟು ಮಾತ್ರ ಓದಿಕೊಳ್ಳಲಿಲ್ಲ. ಅದನ್ನು ಮೊದಲು ಕೇಳಬೇಕಾದವನು ಇಲ್ಲಿರಲಿಲ್ಲ.

ಅದರ ಕೆಳಗೆ ಇನ್ನೂ ನಾಲ್ಕು ಸಾಲು ಬರೆದಳು. ಏಳನೇ ತುದಿಯ ಹಿಂದಿನ ಹತ್ತೊಂಬತ್ತು ಬಿಲ್ಲೆಗಳೂ ಊಟದ ಕೋಣೆಯ ಗಾಳಿಯವು ಎಂದು. ಬಿಚ್ಚಿದಾಗಲೇ ತನಗೆ ತಿಳಿದಿತ್ತು ಎಂದು. ತನಗೆ ಎಂಬ ಪದವನ್ನು ಒಮ್ಮೆ ಬಿಟ್ಟು ಬರೆದು, ಆಮೇಲೆ ಮೇಲೊಂದು ಗುರುತು ಹಾಕಿ ಸೇರಿಸಿದಳು.

ಧೂಳಿನ ಸಾಹೇಬರು ಸಹಿ ಹಾಕುವಾಗ ಎಂದೂ ಓದುವುದಿಲ್ಲ. ಇವತ್ತೂ ಪೆನ್ನಿನ ಮುಚ್ಚಳ ತೆಗೆದು, "ಎಲ್ಲಾ ಸರಿ ಇದೆಯಲ್ಲಮ್ಮ?" ಎಂದು ಕೇಳುತ್ತಲೇ ಕೈ ಇಳಿಸಿದರು. ಎಂಟು ತಿಂಗಳು ಅವಳು ಹೆದರಿದ್ದದ್ದು ಈ ಮನುಷ್ಯನಿಗೆ. ಸುಮ್ಮನಿದ್ದರೆ ಈಗಲೂ ಸಹಿ ಬೀಳುತ್ತಿತ್ತು, ಕಾಗದ ಕಪಾಟು ಸೇರುತ್ತಿತ್ತು, ನಿಜವೂ ಬರೆದ ಹಾಗಾಗುತ್ತಿತ್ತು, ಯಾರಿಗೂ ಏನೂ ಆಗುತ್ತಿರಲಿಲ್ಲ.

"ಸಾರ್, ಓದಿ," ಅಂದಳು.

ಅವರು ಕನ್ನಡಕ ಹುಡುಕಿ ಹಾಕಿಕೊಂಡು ಓದಿದರು. ಒಮ್ಮೆ, ಆಮೇಲೆ ಬೆರಳಿಟ್ಟುಕೊಂಡು ಇನ್ನೊಮ್ಮೆ. "ಹತ್ತೊಂಬತ್ತೂ?"

"ಹತ್ತೊಂಬತ್ತೂ."

"ಹತ್ತೊಂಬತ್ತಕ್ಕೂ ನಾನು ಸಹಿ ಹಾಕಿದೀನಲ್ಲಮ್ಮ." ಬೈಯುವ ಧ್ವನಿಯಲ್ಲ. ದಾರಿ ತಪ್ಪಿದವರು ಊರಿನ ಹೆಸರು ವಿಚಾರಿಸುವ ಧ್ವನಿ. ಎದ್ದು ಗೋಡೆಯ ನಕ್ಷೆಯ ಮುಂದೆ ನಿಂತರು. ನೀಲಿ ಗೆರೆಗಳ ನಡುವೆ ಏಳರ ಖಾಲಿ ಜಾಗದ ಮೇಲೆ ಹೆಬ್ಬೆರಳಿಟ್ಟು ಬಹಳ ಹೊತ್ತು ಒತ್ತಿದರು, ಅಲ್ಲಿ ನೋವಿದೆಯೋ ಎಂದು ನೋಡುವ ಹಾಗೆ. "ಈ ಹಳೇ ಬಿಲ್ಲೆ ನಿಯಮಕ್ಕೆ ಬರಲ್ಲ. ಎಂಟು ತಿಂಗಳು ಖಾನೇಲಿ ಇಟ್ಟಿದ್ದನ್ನ ಯಾರೂ ಒಪ್ಪಲ್ಲ. ಆದ್ರೆ ಓದಿದ ಮೇಲೆ ನಾನು ಓದಿಲ್ಲ ಅನ್ನೋಕಾಗಲ್ಲ." ಮೇಜಿನ ಫೋನೆತ್ತಿ ಯಾರಿಗೋ, ಏಳನೇ ತುದಿಯಲ್ಲಿ ಕೊರೆಯುವುದನ್ನು ಈಗಲೇ ನಿಲ್ಲಿಸಿ, ಜನರನ್ನು ಈಚೆಗೆ ಕರೆಸಿ, ನಾಳೆ ಪಂಪು ಕಟ್ಟಿಕೊಂಡು ನಾನೇ ಇಳಿಯುತ್ತೇನೆ ಅಂದರು. ಅತ್ತಲಿಂದ ಏನೋ ವಾದ. "ನೀರು ಬರೋವರೆಗೂ ಇಲ್ಲ ಅಂದ್ರೆ ಇಲ್ಲ," ಅಂದರು. ಫೋನಿಟ್ಟು ಅವಳ ಕಡೆ ನೋಡದೆ ಹೇಳಿದರು: "ನಿನ್ನ ಕೆಲಸ ಉಳಿಯುತ್ತೆ ಅಂತ ಹೇಳಲಾರೆ. ನಂದೂ ಅಷ್ಟೇ. ಹೋಗು, ಫಲಕಕ್ಕೆ ಹಾಕು."

ವಾರದ ಪಟ್ಟಿಯನ್ನು ಗಣಿಯ ಬಾಯಿಯ ಹತ್ತಿರದ ಫಲಕಕ್ಕೆ ಹಚ್ಚುವುದೂ ಅವಳದೇ ಕೆಲಸ. ನಾಲ್ಕು ಮೂಲೆಗೆ ನಾಲ್ಕು ಪಿನ್ನು ಚುಚ್ಚಿದಳು. ಅಲ್ಲಿ ಯಾರೂ ಎಂದೂ ನಿಂತು ಓದಿದ್ದನ್ನು ಅವಳು ಕಂಡಿರಲಿಲ್ಲ. ದೀಪದವನು ಕೈಯೊರೆಸಿಕೊಳ್ಳುತ್ತ ಬಂದು, "ಏನಮ್ಮ ತಕ್ಕಡಿಯಮ್ಮ, ಈ ಸಲ ಕಥೆ ಉದ್ದ ಇದೆ?" ಅಂದವನು, ತುಟಿಯಾಡಿಸುತ್ತ ಓದಿದ. ಓದಿ ಮುಗಿಸಿ ಅವಳ ಮುಖ ನೋಡಿದ. ಇಷ್ಟು ವರ್ಷದಲ್ಲಿ ಮೊದಲ ಬಾರಿ ಅವನ ಬಾಯಲ್ಲಿ ಹಾಸ್ಯ ಹೊರಡಲಿಲ್ಲ. ಅಷ್ಟರಲ್ಲಿ ತೊಟ್ಟಿಲು ಮೇಲಕ್ಕೆ ಬಂತು. ಏಳನೇ ತುದಿಯವರು, ಪಾಳಿ ಅರ್ಧಕ್ಕೆ ಬಿಟ್ಟು ಬಂದವರು, ಹಗಲಿಗೆ ಕಣ್ಣು ಕಿರಿದು ಮಾಡಿಕೊಂಡು ಇಳಿದರು. ತಂಗಿಯ ಗಂಡ ಅವಳನ್ನು ಕಂಡ, ಫಲಕವನ್ನು ಕಂಡ, ತಲೆದೀಪ ಆರಿಸುವುದನ್ನು ಮರೆತು ನಿಂತ. ಹಿಂದಿನಿಂದ ಒಬ್ಬ, "ನಮ್ಮೋಳೇ ಅಂತಿದ್ರು," ಅಂದ. ಗಟ್ಟಿಯಾಗಿಯೇನೂ ಅಲ್ಲ. ಅವಳು ಅವರ ನಡುವಿನಿಂದಲೇ ನಡೆದು ಗೇಟಿನ ಕಡೆ ಹೋದಳು. ಇವತ್ತು ಯಾರೂ ದಾರಿ ಬಿಡಲಿಲ್ಲ. ಭುಜ ತಾಗಿಸಿಕೊಂಡೇ ಹೋಗಬೇಕಾಯಿತು.

ಮನೆಗೆ ಬಂದಾಗ ಇನ್ನೂ ಬೆಳಕಿತ್ತು. ಅಪ್ಪ ಅದೇ ಕುರ್ಚಿಯಲ್ಲಿ, ದಿಂಬು ಜಾರಿ ಒಂದು ಕಡೆ ವಾಲಿಕೊಂಡಿದ್ದ. ಎತ್ತಿ ಸರಿಯಾಗಿ ಕೂರಿಸುವಾಗ ಅವಳ ತೋಳಿಗೆ ಅವನು ಹೊದಿಕೆಯಷ್ಟೇ ಹಗುರ ಅನ್ನಿಸಿದ. ತಂಗಿ ಫೋನು ಮಾಡಿರಬೇಕು, ಫೋನು ಅವನ ತೊಡೆಯ ಮೇಲೇ ಇತ್ತು. ಅಪ್ಪ ಇವತ್ತು ಏನೂ ಕೇಳಲಿಲ್ಲ. ಅವಳ ಮುಖದಲ್ಲಿ ಏನನ್ನೋ ಹುಡುಕಿ, ಸಿಕ್ಕಿದವನ ಹಾಗೆ ಕಣ್ಣು ತಗ್ಗಿಸಿದ.

"ನಂದೂ... ಬರೆದ್ಯಾ?"

"ಬರೆದೆ ಅಪ್ಪ. ಮೊಳೆದೂ ಬರೆದೆ."

ಗಾಳಿ ಒಳಗೆ ಹೋಯಿತು, ಎಲ್ಲೋ ತಡೆಯಿತು, ಹೊರಗೆ ಬಂತು. "ನಿಂದು?"

"ನಂದೂ."

ಅವನು ಕೈ ಚಾಚಿ ಅವಳ ಮಣಿಕಟ್ಟನ್ನು ಹಿಡಿದುಕೊಂಡ. ಕ್ಷಮೆ ಕೇಳುತ್ತಾನೆ ಎಂದು ಹೆದರಿದಳು, ತಾನೇ ಕೇಳಿಬಿಟ್ಟೇನೆಂದೂ ಹೆದರಿದಳು. ಇಬ್ಬರೂ ಕೇಳಲಿಲ್ಲ. ಹೊರಗೆ ಯಾವುದೋ ಮನೆಯಲ್ಲಿ ಪಾತ್ರೆ ಬಿದ್ದ ಸದ್ದು, ಯಾರೋ ಬೈದ ಸದ್ದು. ಅವಳು ನೆಲದ ಮೇಲೆ ಕೂತು, ಅವನ ಮೊಣಕಾಲಿಗೆ ಭುಜ ಒರಗಿಸಿ, ಅವನ ಕಿವಿಯ ಮಟ್ಟಕ್ಕೆ ಕತ್ತೆತ್ತಿದಳು.

"ಹದಿಮೂರು ಪಾಯಿಂಟ್ ನಾಲ್ಕು, ಅಪ್ಪ."

ಅಪ್ಪ ತುಟಿಯಲ್ಲೇ ಅದನ್ನು ಒಮ್ಮೆ ಹೇಳಿಕೊಂಡ. ಅದು ದೊಡ್ಡದೋ ಚಿಕ್ಕದೋ ಅವನಿಗೆ ತಿಳಿಯಲಿಲ್ಲ. "ಜಾಸ್ತಿನಾ?"

"ಎರಡರ ಒಳಗೆ ಇರಬೇಕಿತ್ತು."

ಅವನು ಕಿಟಕಿಯ ಕಡೆ ನೋಡಿದ. ಮಣಿಕಟ್ಟಿನ ಮೇಲೆ ಅವನ ಬೆರಳು ಒಂದೊಂದಾಗಿ ಅಲುಗಿದವು, ಏನನ್ನೋ ಎಣಿಸಲು ಹೊರಟು, ಎಣಿಕೆ ಎಲ್ಲಿಂದ ಶುರು ಮಾಡಬೇಕೆಂದು ತೋಚದೆ ನಿಂತವು.

"ಬರೀ... ಒಂದು ದಿನದ್ದಾ?"

"ಹೌದಪ್ಪ," ಅಂದಳು. "ಒಂದೇ ದಿನದ್ದು."